ಆಂಟಿವೈರಸ್ ಪರಿಷ್ಕರಣೆ ಮತ್ತು ಹೋಸ್ಟ್ ಸಂರಚನೆಯ ನಿರ್ವಹಣೆ

ಆಂಟಿವೈರಸ್ ಪರಿಷ್ಕರಣೆ ಮತ್ತು ಹೋಸ್ಟ್ ಸಂರಚನೆಯ ನಿರ್ವಹಣೆ ಎಂಬುದು ದೊಡ್ಡ ಸಂಸ್ಥೆಗಳ ಗಣಕಜಾಲಗಳಲ್ಲಿ ವೈರಸ್ ನಿರೋಧಕ ತಂತ್ರಾಂಶವನ್ನು ಸದಾ ಹೊಸದಾಗಿರಿಸುವ ಹಾಗೂ ಜಾಲಕ್ಕೆ ಸೇರಿದ ಪ್ರತಿಯೊಂದು ಗಣಕವನ್ನೂ ನಿಗದಿತ ಸ್ಥಿತಿಯಲ್ಲಿ ಕಾಯ್ದುಕೊಳ್ಳುವ ಆಡಳಿತ ಕಾರ್ಯವಾಗಿದೆ. ಮನೆಯ ಗಣಕದಲ್ಲಿ ಈ ಕೆಲಸವು ಬಳಕೆದಾರರ ಗಮನಕ್ಕೆ ಬಾರದಂತೆ ತಾನಾಗಿಯೇ ನಡೆಯುತ್ತದೆ. ಸಾವಿರಾರು ಗಣಕಗಳಿರುವ ಬ್ಯಾಂಕು, ಆಸ್ಪತ್ರೆ, ವಿಮಾನ ನಿಲ್ದಾಣ, ವಿಶ್ವವಿದ್ಯಾಲಯ ಅಥವಾ ಸರಕಾರಿ ಇಲಾಖೆಯಲ್ಲಿ ಯಾವ ಪರಿಷ್ಕರಣೆ ಯಾವಾಗ ಯಾವ ಗಣಕಕ್ಕೆ ತಲುಪಬೇಕು ಎಂಬುದನ್ನು ಒಂದು ಕೇಂದ್ರದಿಂದ ನಿರ್ಧರಿಸಬೇಕಾಗುತ್ತದೆ.

ಈ ಕಾರ್ಯದಲ್ಲಿ ಪರಸ್ಪರ ವಿರುದ್ಧವಾದ ಎರಡು ಅಪಾಯಗಳಿವೆ. ಪರಿಷ್ಕರಣೆ ತಡವಾದರೆ ಹೊಸ ಕುತಂತ್ರಾಂಶವು ಜಾಲವನ್ನು ಹೊಕ್ಕುಬಿಡುತ್ತದೆ. ಪರೀಕ್ಷಿಸದ ಪರಿಷ್ಕರಣೆಯನ್ನು ಆತುರದಿಂದ ಎಲ್ಲ ಗಣಕಗಳಿಗೂ ಒಮ್ಮೆಲೇ ಕಳುಹಿಸಿದರೆ, ಅದರಲ್ಲಿನ ಒಂದು ದೋಷವೇ ಎಲ್ಲ ಗಣಕಗಳನ್ನೂ ನಿಲ್ಲಿಸಬಲ್ಲದು. ೨೦೧೭ರ ವಾನಾಕ್ರೈ ದಾಳಿಯು ಮೊದಲನೆಯದಕ್ಕೂ, ೨೦೧೦ರ ಮ್ಯಾಕಫಿ ಮತ್ತು ೨೦೨೪ರ ಕ್ರೌಡ್‌ಸ್ಟ್ರೈಕ್ ಘಟನೆಗಳು ಎರಡನೆಯದಕ್ಕೂ ಪ್ರಸಿದ್ಧ ಉದಾಹರಣೆಗಳಾಗಿವೆ. ಇವೆರಡರ ನಡುವೆ ಸಮತೋಲನ ಸಾಧಿಸಬೇಕಾದರೆ ಸಂಸ್ಥೆಗೆ ತನ್ನ ಗಣಕಗಳ ಸಂರಚನೆ ಏನೆಂಬುದು ನಿಖರವಾಗಿ ತಿಳಿದಿರಬೇಕು. ಆದ್ದರಿಂದಲೇ ಪರಿಷ್ಕರಣೆಯನ್ನೂ ಸಂರಚನೆಯನ್ನೂ ಒಂದೇ ಕಾರ್ಯದ ಎರಡು ಮುಖಗಳೆಂದು ಪರಿಗಣಿಸಲಾಗುತ್ತದೆ.

ಪರಿಭಾಷೆ

ಜಾಲಕ್ಕೆ ಜೋಡಿಸಲಾದ ಪ್ರತಿಯೊಂದು ಗಣಕವನ್ನು, ಅದು ಮೇಜಿನ ಮೇಲಿನದಾಗಲಿ, ಲ್ಯಾಪ್‌ಟಾಪ್ ಆಗಲಿ, ಸರ್ವರ್ ಆಗಲಿ, ಹೋಸ್ಟ್ ಎಂದು ಕರೆಯುತ್ತಾರೆ. ಹೋಸ್ಟಿನ ಕಾರ್ಯಾಚರಣ ವ್ಯವಸ್ಥೆ ಯಾವುದು, ಅದರ ಆವೃತ್ತಿ ಯಾವುದು, ಯಾವ ಸೇವೆಗಳು ಚಾಲನೆಯಲ್ಲಿವೆ, ಯಾರಿಗೆ ಯಾವ ಅಧಿಕಾರವಿದೆ, ಆಂಟಿವೈರಸ್ ಏನನ್ನು ಪರೀಕ್ಷಿಸುತ್ತದೆ, ಏನನ್ನು ಬಿಡುತ್ತದೆ ಎಂಬ ಎಲ್ಲ ಹೊಂದಿಕೆಗಳ ಒಟ್ಟು ರೂಪವೇ ಹೋಸ್ಟ್ ಸಂರಚನೆ.

ವೈರಸ್, ವರ್ಮ್, ಟ್ರೋಜನ್, ರಾನ್ಸಮ್‌ವೇರ್ ಮೊದಲಾದ ಹಾನಿಕಾರಕ ತಂತ್ರಾಂಶಗಳಿಗೆಲ್ಲ ಕುತಂತ್ರಾಂಶ ಎಂಬ ಸಾಮಾನ್ಯ ಹೆಸರಿದೆ. ಕುತಂತ್ರಾಂಶವೊಂದನ್ನು ಗುರುತಿಸಲು ನೆರವಾಗುವ ವಿಶಿಷ್ಟ ಲಕ್ಷಣಗಳ ವಿವರಣೆಯನ್ನು ಸಿಗ್ನೇಚರ್ ಎನ್ನಲಾಗುತ್ತದೆ. ನಿರುಪದ್ರವಿ ಕಡತವನ್ನು ಆಂಟಿವೈರಸ್ ಕುತಂತ್ರಾಂಶವೆಂದು ತಿಳಿದರೆ ಅದು ತಪ್ಪು ಪತ್ತೆ ಎನಿಸುತ್ತದೆ.

ಇತಿಹಾಸ

ಐಬಿಎಂ ಪಿಸಿ ಮಾದರಿಯ ಗಣಕಗಳಲ್ಲಿ ಹರಡಿದ ಮೊದಲ ವೈರಸ್ ಎಂದು ಹೆಸರಾದ ಬ್ರೈನ್, ೧೯೮೬ರಲ್ಲಿ ಪಾಕಿಸ್ತಾನದ ಲಾಹೋರಿನಲ್ಲಿ ಹುಟ್ಟಿತು. ಅದು ಫ್ಲಾಪಿ ಡಿಸ್ಕುಗಳ ಮೂಲಕ ಕೈಯಿಂದ ಕೈಗೆ ಹರಡುತ್ತಿತ್ತು. ಆ ಕಾಲದ ಆಂಟಿವೈರಸ್ ಪರಿಷ್ಕರಣೆಗಳೂ ಫ್ಲಾಪಿಗಳಲ್ಲಿಯೇ ಅಂಚೆಯ ಮೂಲಕ ಗ್ರಾಹಕರನ್ನು ತಲುಪುತ್ತಿದ್ದವು. ವೈರಸ್ ಹರಡುವುದೂ ನಿಧಾನವಾಗಿದ್ದುದರಿಂದ ತಿಂಗಳುಗಟ್ಟಲೆ ಹಳೆಯದಾದ ಸಿಗ್ನೇಚರ್ ಪಟ್ಟಿಯೂ ಬಹುಮಟ್ಟಿಗೆ ಸಾಕಾಗುತ್ತಿತ್ತು.

೧೯೮೮ರ ನವೆಂಬರ್ ೨ರಂದು ಮಾರಿಸ್ ವರ್ಮ್ ಅಮೆರಿಕದ ಅಂತರಜಾಲದಲ್ಲಿ ಹರಡಿದಾಗ, ಜಾಲದ ಮೂಲಕ ಸಾಗುವ ಕುತಂತ್ರಾಂಶದ ವೇಗ ಮೊದಲ ಬಾರಿಗೆ ಅರಿವಿಗೆ ಬಂದಿತು. ಅದರ ಬೆನ್ನಲ್ಲೇ ಕಾರ್ನೆಗಿ ಮೆಲನ್ ವಿಶ್ವವಿದ್ಯಾಲಯದಲ್ಲಿ ಗಣಕ ತುರ್ತು ಪ್ರತಿಕ್ರಿಯೆಗೆ ಮೀಸಲಾದ ಮೊದಲ ತಂಡ ಸ್ಥಾಪನೆಯಾಯಿತು. ೧೯೯೯ರ ಮಾರ್ಚ್‌ನಲ್ಲಿ ಮೆಲಿಸ್ಸಾ, ೨೦೦೦ದ ಮೇ ತಿಂಗಳಲ್ಲಿ ಐಲವ್‌ಯೂ ಕುತಂತ್ರಾಂಶಗಳು ಮಿಂಚಂಚೆಯ ಮೂಲಕ ಕೆಲವೇ ಗಂಟೆಗಳಲ್ಲಿ ಹಲವು ದೇಶಗಳಿಗೆ ಹರಡಿದವು. ತಿಂಗಳಿಗೊಮ್ಮೆ ಬರುತ್ತಿದ್ದ ಪರಿಷ್ಕರಣೆ ವಾರಕ್ಕೊಮ್ಮೆ, ಬಳಿಕ ದಿನಕ್ಕೊಮ್ಮೆ, ಈಗ ದಿನಕ್ಕೆ ಹಲವು ಬಾರಿ ಬರುವಂತಾಗಿದೆ.

ಇದೇ ಅವಧಿಯಲ್ಲಿ ಕೇಂದ್ರೀಕೃತ ಆಡಳಿತದ ಸಾಧನಗಳೂ ಬೆಳೆದವು. ವಿಂಡೋಸ್ ೨೦೦೦ದೊಂದಿಗೆ ಬಂದ ಆ್ಯಕ್ಟಿವ್ ಡೈರೆಕ್ಟರಿ ಮತ್ತು ಗ್ರೂಪ್ ಪಾಲಿಸಿ ವ್ಯವಸ್ಥೆಗಳು ಸಾವಿರಾರು ಗಣಕಗಳ ಹೊಂದಿಕೆಗಳನ್ನು ಒಂದೇ ಕಡೆಯಿಂದ ನಿಯಂತ್ರಿಸಲು ಅವಕಾಶ ನೀಡಿದವು. ಮ್ಯಾಕಫಿಯ ಇಪಾಲಿಸಿ ಆರ್ಕೆಸ್ಟ್ರೇಟರ್‌ನಂತಹ ತಂತ್ರಾಂಶಗಳು ಆಂಟಿವೈರಸ್‌ಗೆ ಅದೇ ಬಗೆಯ ಕೇಂದ್ರ ನಿಯಂತ್ರಣವನ್ನು ಒದಗಿಸಿದವು.

ಪರಿಷ್ಕರಣೆಯ ಬಗೆಗಳು

ಆಂಟಿವೈರಸ್ ಪರಿಷ್ಕರಣೆ ಎಂಬ ಒಂದೇ ಹೆಸರಿನಡಿ ಸ್ಥೂಲವಾಗಿ ಮೂರು ಬೇರೆ ಬೇರೆ ವಸ್ತುಗಳು ಬರುತ್ತವೆ.

ಮೊದಲನೆಯದು ಸಿಗ್ನೇಚರ್ ಅಥವಾ ಪತ್ತೆ ಮಾಹಿತಿಯ ಪರಿಷ್ಕರಣೆ. ಇದು ಅತಿ ಹೆಚ್ಚು ಬಾರಿ ಬರುವಂಥದು. ಇದರ ಗಾತ್ರ ಕಡಿಮೆ ಮಾಡಲು ಹಿಂದಿನ ಪಟ್ಟಿಗೂ ಹೊಸ ಪಟ್ಟಿಗೂ ಇರುವ ವ್ಯತ್ಯಾಸವನ್ನು ಮಾತ್ರ ಕಳುಹಿಸುವ ಪದ್ಧತಿಯಿದೆ. ಎರಡನೆಯದು ಎಂಜಿನ್ ಪರಿಷ್ಕರಣೆ. ಸಿಗ್ನೇಚರ್‌ಗಳನ್ನು ಓದಿ ಕಡತಗಳೊಡನೆ ಹೋಲಿಸುವ ಭಾಗವೇ ಎಂಜಿನ್. ಮೂರನೆಯದು ಇಡೀ ತಂತ್ರಾಂಶದ ಹೊಸ ಆವೃತ್ತಿ. ಇದು ಅಪರೂಪಕ್ಕೆ ಬರುತ್ತದೆ ಮತ್ತು ಕೆಲವೊಮ್ಮೆ ಗಣಕವನ್ನು ಮರುಚಾಲನೆ ಮಾಡಬೇಕಾಗುತ್ತದೆ.

ಮೂರನೆಯ ಬಗೆಯನ್ನು ಪರೀಕ್ಷಿಸಿಯೇ ಬಿಡುಗಡೆ ಮಾಡುವ ರೂಢಿ ಬಹಳ ಹಿಂದಿನಿಂದಲೂ ಇದೆ. ಮೊದಲನೆಯದು ಕೇವಲ ಮಾಹಿತಿ, ತಂತ್ರಾಂಶವಲ್ಲ ಎಂಬ ಭಾವನೆಯಿಂದ ಅದನ್ನು ನೇರವಾಗಿ ಎಲ್ಲ ಹೋಸ್ಟ್‌ಗಳಿಗೂ ಹರಿಯಬಿಡುವುದು ವಾಡಿಕೆಯಾಗಿತ್ತು. ಆದರೆ ಕಡತವೊಂದನ್ನು ಅಳಿಸಬೇಕೆ ಉಳಿಸಬೇಕೆ ಎಂದು ನಿರ್ಧರಿಸುವ ಮಾಹಿತಿಯು ಪರಿಣಾಮದಲ್ಲಿ ಆದೇಶಕ್ಕೆ ಸಮಾನವಾಗಿದೆ. ಮುಂದೆ ವಿವರಿಸಿರುವ ದೊಡ್ಡ ಅವಘಡಗಳಲ್ಲಿ ಹೆಚ್ಚಿನವು ಈ ಮೊದಲನೆಯ ಬಗೆಯ ಪರಿಷ್ಕರಣೆಯಿಂದಲೇ ಸಂಭವಿಸಿವೆ.

ವಿತರಣಾ ವ್ಯವಸ್ಥೆ

ಸಾವಿರಾರು ಗಣಕಗಳು ಒಂದೊಂದಾಗಿ ಅಂತರಜಾಲಕ್ಕೆ ಹೋಗಿ ಒಂದೇ ಕಡತವನ್ನು ತರುವುದು ಸಂಪರ್ಕದ ಅಪವ್ಯಯ. ಹಾಗಾಗಿ ಸಂಸ್ಥೆಯೊಳಗೆ ಒಂದು ಕೇಂದ್ರ ಸರ್ವರ್ ಪರಿಷ್ಕರಣೆಯನ್ನು ತಂದಿರಿಸಿಕೊಂಡು ಉಳಿದ ಹೋಸ್ಟ್‌ಗಳಿಗೆ ಹಂಚುತ್ತದೆ. ದೂರದ ಶಾಖೆಗಳಲ್ಲಿ ಉಪವಿತರಕ ಗಣಕವೊಂದನ್ನು ನೇಮಿಸಿ, ಕೇಂದ್ರದಿಂದ ಅದಕ್ಕೆ ಒಮ್ಮೆ, ಅದರಿಂದ ಶಾಖೆಯ ಉಳಿದ ಗಣಕಗಳಿಗೆ ಎಂಬ ಕ್ರಮವನ್ನು ಅನುಸರಿಸಲಾಗುತ್ತದೆ. ಮೈಕ್ರೋಸಾಫ್ಟ್‌ನ ಉತ್ಪನ್ನಗಳಿಗೆ ಡಬ್ಲ್ಯುಎಸ್‌ಯುಎಸ್ ಈ ಕೆಲಸ ಮಾಡುತ್ತದೆ. ಮುಕ್ತ ತಂತ್ರಾಂಶವಾದ ಕ್ಲಾಮ್‌ಎವಿಯಲ್ಲಿ ಫ್ರೆಶ್‌ಕ್ಲಾಮ್ ಎಂಬ ಉಪಕರಣವು ಪಟ್ಟಿಗಳನ್ನು ತರುತ್ತದೆ. ಸಂಸ್ಥೆಯೊಳಗೆ ಖಾಸಗಿ ಪ್ರತಿಕೇಂದ್ರವನ್ನು ಸ್ಥಾಪಿಸಿಕೊಳ್ಳಲೂ ಅವಕಾಶವಿದೆ.

ಎಲ್ಲ ಹೋಸ್ಟ್‌ಗಳೂ ಒಂದೇ ಕ್ಷಣದಲ್ಲಿ ಸರ್ವರನ್ನು ಸಂಪರ್ಕಿಸಿದರೆ ಜಾಲದಲ್ಲಿ ದಟ್ಟಣೆ ಉಂಟಾಗುತ್ತದೆ. ಇದನ್ನು ತಪ್ಪಿಸಲು ನಿಗದಿತ ಸಮಯಕ್ಕೆ ಕೆಲವು ನಿಮಿಷಗಳ ಯಾದೃಚ್ಛಿಕ ಅಂತರವನ್ನು ಸೇರಿಸುತ್ತಾರೆ. ಒಂದೇ ಯಂತ್ರದ ಮೇಲೆ ಹತ್ತಾರು ವರ್ಚುವಲ್ ಗಣಕಗಳು ನಡೆಯುತ್ತಿರುವಾಗ ಅವೆಲ್ಲವೂ ಒಟ್ಟಿಗೆ ಪರಿಷ್ಕರಣೆ ಅಥವಾ ಪೂರ್ಣ ಪರೀಕ್ಷೆಗೆ ತೊಡಗಿದರೆ ಆ ಯಂತ್ರ ಬಳಲಿಹೋಗುವುದರಿಂದ ಅಲ್ಲಿ ಈ ಎಚ್ಚರಿಕೆ ಇನ್ನೂ ಮುಖ್ಯವಾಗುತ್ತದೆ.

ಸಂಸ್ಥೆಯ ಹೊರಗೆ ಓಡಾಡುವ ಲ್ಯಾಪ್‌ಟಾಪ್‌ಗಳು ಕೇಂದ್ರ ಸರ್ವರ್ ಸಿಗದಿದ್ದಾಗ ತಯಾರಕರ ತಾಣದಿಂದಲೇ ನೇರವಾಗಿ ಪರಿಷ್ಕರಣೆ ಪಡೆಯುವಂತೆ ಎರಡನೆಯ ಮೂಲವನ್ನು ನಮೂದಿಸಲಾಗುತ್ತದೆ. ಅಂತರಜಾಲದಿಂದ ಸಂಪೂರ್ಣವಾಗಿ ಬೇರ್ಪಡಿಸಿದ ಕೈಗಾರಿಕಾ ಜಾಲಗಳಿಗೆ, ಬೇರೊಂದು ಗಣಕದಲ್ಲಿ ಪರಿಶೀಲಿಸಿದ ಕಡತಗಳನ್ನು ಪೆನ್‌ಡ್ರೈವ್ ಅಥವಾ ಡಿಸ್ಕಿನಲ್ಲಿ ಒಯ್ಯಬೇಕಾಗುತ್ತದೆ. ಅಲ್ಲಿ ಆ ಪೆನ್‌ಡ್ರೈವೇ ಸೋಂಕಿನ ಮಾರ್ಗವಾಗದಂತೆ ನೋಡಿಕೊಳ್ಳುವುದು ಪ್ರತ್ಯೇಕ ಜವಾಬ್ದಾರಿಯಾಗುತ್ತದೆ.

ಹೋಸ್ಟ್ ಸಂರಚನೆ

ಸಂರಚನೆಯ ನಿರ್ವಹಣೆಯು ಗಣಕಗಳ ಎಣಿಕೆಯಿಂದ ಪ್ರಾರಂಭವಾಗುತ್ತದೆ. ಜಾಲದಲ್ಲಿ ಎಷ್ಟು ಹೋಸ್ಟ್‌ಗಳಿವೆ ಎಂಬುದು ತಿಳಿಯದೆ ಅವುಗಳಲ್ಲಿ ಎಷ್ಟಕ್ಕೆ ರಕ್ಷಣೆಯಿದೆ ಎಂದು ಹೇಳಲಾಗದು. ಆಂಟಿವೈರಸ್ ಸರ್ವರಿನ ಪಟ್ಟಿಯಲ್ಲಿ ಆ ತಂತ್ರಾಂಶವಿರುವ ಗಣಕಗಳು ಮಾತ್ರ ಕಾಣುತ್ತವೆ. ಅದಿಲ್ಲದ ಗಣಕಗಳನ್ನು ಕಂಡುಹಿಡಿಯಲು ಆ ಪಟ್ಟಿಯನ್ನು ಆ್ಯಕ್ಟಿವ್ ಡೈರೆಕ್ಟರಿ ಹಾಗೂ ಜಾಲದ ವಿಳಾಸಗಳನ್ನು ಹಂಚುವ ಸರ್ವರಿನ ದಾಖಲೆಗಳೊಡನೆ ತಾಳೆ ನೋಡಬೇಕಾಗುತ್ತದೆ.

ಎರಡನೆಯ ಹಂತ ಆಧಾರ ಸಂರಚನೆಯ ನಿರ್ಣಯ. ಕಚೇರಿಯ ಗಣಕ, ಸರ್ವರ್, ಹಣ ಪಾವತಿ ಯಂತ್ರ, ಆಸ್ಪತ್ರೆಯ ಉಪಕರಣ ಎಂಬಂತೆ ಹೋಸ್ಟ್‌ಗಳನ್ನು ವರ್ಗೀಕರಿಸಿ, ಪ್ರತಿ ವರ್ಗಕ್ಕೂ ಇರಬೇಕಾದ ಹೊಂದಿಕೆಗಳನ್ನು ಬರೆದಿಡಲಾಗುತ್ತದೆ. ಸೆಂಟರ್ ಫಾರ್ ಇಂಟರ್‌ನೆಟ್ ಸೆಕ್ಯುರಿಟಿ ಎಂಬ ಸಂಸ್ಥೆಯು ಪ್ರಕಟಿಸುವ ಮಾನದಂಡಗಳನ್ನು ಇದಕ್ಕೆ ಆರಂಭದ ಮಾದರಿಯಾಗಿ ಬಳಸುವುದುಂಟು. ಕಾಲಕ್ರಮದಲ್ಲಿ ಒಬ್ಬೊಬ್ಬರು ಮಾಡುವ ಸಣ್ಣಪುಟ್ಟ ಬದಲಾವಣೆಗಳಿಂದ ಗಣಕವು ಆಧಾರ ಸ್ಥಿತಿಯಿಂದ ದೂರ ಸರಿಯುತ್ತದೆ. ಈ ವಿಚಲನೆಯನ್ನು ಪತ್ತೆ ಹಚ್ಚಿ ಸರಿಪಡಿಸುವುದು ನಿರಂತರ ಕಾರ್ಯ.

ಆಂಟಿವೈರಸ್‌ಗೆ ಸಂಬಂಧಿಸಿದ ಮುಖ್ಯ ಹೊಂದಿಕೆಗಳು ಹೀಗಿವೆ.

ಪತ್ತೆಯಾದಾಗಿನ ಕ್ರಮ: ಶಂಕಿತ ಕಡತವನ್ನು ಅಳಿಸಬೇಕೆ, ಪ್ರತ್ಯೇಕಿಸಿ ಇಡಬೇಕೆ ಅಥವಾ ತೆರೆಯದಂತೆ ತಡೆದರೆ ಸಾಕೆ ಎಂಬ ಆಯ್ಕೆ. ಅಳಿಸಿದ ಕಡತವನ್ನು ಮರಳಿ ಪಡೆಯುವುದು ಕಷ್ಟ. ಪ್ರತ್ಯೇಕಿಸಿ ಇಟ್ಟದ್ದನ್ನು ತಪ್ಪು ಪತ್ತೆಯೆಂದು ತಿಳಿದ ಮೇಲೆ ಮರಳಿಸಬಹುದು.

ಹೊರಗಿಡುವ ಪಟ್ಟಿ: ದತ್ತಸಂಚಯ ಮತ್ತು ಮಿಂಚಂಚೆ ಸರ್ವರುಗಳ ಕಡತಗಳು ಕ್ಷಣಕ್ಷಣಕ್ಕೂ ಬದಲಾಗುತ್ತಿರುತ್ತವೆ. ಆಂಟಿವೈರಸ್ ಅವನ್ನು ಪದೇಪದೇ ಪರೀಕ್ಷಿಸಿದರೆ ಕೆಲಸ ನಿಧಾನವಾಗುವುದಲ್ಲದೆ ದತ್ತಾಂಶವೇ ಕೆಡಬಹುದು. ಆದ್ದರಿಂದ ಅವನ್ನು ಪರೀಕ್ಷೆಯಿಂದ ಹೊರಗಿಡಲು ತಯಾರಕರೇ ಸೂಚಿಸುತ್ತಾರೆ. ಆದರೆ ಹೊರಗಿಟ್ಟ ಪ್ರತಿಯೊಂದು ಜಾಗವೂ ದಾಳಿಕೋರರಿಗೆ ಅಡಗುದಾಣವಾಗಬಲ್ಲದು. ಇಡೀ ಡಿಸ್ಕನ್ನೋ, ಎಲ್ಲರೂ ಬರೆಯಬಹುದಾದ ಕಡತಕೋಶವನ್ನೋ ಹೊರಗಿಡುವುದು ಅಪಾಯಕರ. ಪ್ರತಿ ಹೊರಗಿಡುವಿಕೆಗೂ ಕಾರಣ, ಕೋರಿದವರು ಮತ್ತು ಮರುಪರಿಶೀಲನೆಯ ದಿನಾಂಕವನ್ನು ದಾಖಲಿಸುವುದು ಉತ್ತಮ ಪದ್ಧತಿಯೆನಿಸಿದೆ.

ಅಧಿಕಾರದ ಮಿತಿ: ದಿನನಿತ್ಯದ ಬಳಕೆದಾರರಿಗೆ ನಿರ್ವಾಹಕರ ಅಧಿಕಾರವಿದ್ದರೆ ಅವರ ಹೆಸರಿನಲ್ಲಿ ನಡೆಯುವ ಕುತಂತ್ರಾಂಶಕ್ಕೂ ಅದೇ ಅಧಿಕಾರ ದೊರೆತು, ಅದು ಆಂಟಿವೈರಸ್ಸನ್ನೇ ನಿಲ್ಲಿಸಬಲ್ಲದು. ಇದನ್ನು ತಡೆಯಲು ಆಂಟಿವೈರಸ್ ಹೊಂದಿಕೆಗಳಿಗೆ ತಿದ್ದುಪಡಿ ನಿರೋಧ ಎಂಬ ಪ್ರತ್ಯೇಕ ರಕ್ಷಣೆಯನ್ನು ಒದಗಿಸಲಾಗುತ್ತದೆ.

ಅನಗತ್ಯ ಸೇವೆಗಳ ನಿಲುಗಡೆ: ಬಳಕೆಯಲ್ಲಿಲ್ಲದ ಹಳೆಯ ಕಡತ ಹಂಚಿಕೆ ವಿಧಾನಗಳು, ಪೆನ್‌ಡ್ರೈವ್ ಸಿಕ್ಕಿಸಿದೊಡನೆ ಅದರಲ್ಲಿನ ಕಡತವನ್ನು ತಾನಾಗಿ ಚಾಲನೆ ಮಾಡುವ ಆಟೋರನ್ ಸೌಲಭ್ಯ ಮೊದಲಾದವನ್ನು ನಿಲ್ಲಿಸುವುದರಿಂದ, ಸಿಗ್ನೇಚರ್ ಇನ್ನೂ ಬಾರದ ಕುತಂತ್ರಾಂಶವೂ ಹರಡುವ ದಾರಿ ಕಾಣದೆ ನಿಲ್ಲುತ್ತದೆ.

ತಡವಾದ ಪರಿಷ್ಕರಣೆಯ ಪರಿಣಾಮಗಳು

೨೦೦೩ರ ಜನವರಿ ೨೫ರಂದು ಹರಡಿದ ಎಸ್‌ಕ್ಯುಎಲ್ ಸ್ಲ್ಯಾಮರ್ ವರ್ಮ್ ಕೇವಲ ೩೭೬ ಬೈಟ್ ಗಾತ್ರದ್ದಾಗಿತ್ತು. ದುರ್ಬಲವಾಗಿದ್ದ ಗಣಕಗಳ ಪೈಕಿ ಸುಮಾರು ಶೇಕಡ ೯೦ರಷ್ಟನ್ನು ಅದು ಹತ್ತು ನಿಮಿಷಗಳಲ್ಲಿ ತಲುಪಿತು. ಅದು ಡಿಸ್ಕಿನಲ್ಲಿ ಕಡತವಾಗಿ ಉಳಿಯದೆ ಸ್ಮೃತಿಯಲ್ಲಿ ಮಾತ್ರ ಇರುತ್ತಿದ್ದುದರಿಂದ ಕಡತಗಳನ್ನು ಪರೀಕ್ಷಿಸುವ ಆಂಟಿವೈರಸ್‌ಗೆ ಕಾಣುತ್ತಿರಲಿಲ್ಲ. ಅದು ಬಳಸಿಕೊಂಡ ದೋಷಕ್ಕೆ ಮೈಕ್ರೋಸಾಫ್ಟ್ ೨೦೦೨ರ ಜುಲೈನಲ್ಲಿಯೇ ಪ್ಯಾಚ್ ನೀಡಿತ್ತು.

೨೦೦೮ರ ನವೆಂಬರ್‌ನಲ್ಲಿ ಕಾಣಿಸಿಕೊಂಡ ಕಾನ್‌ಫಿಕರ್ ವರ್ಮ್, ಪರಿಷ್ಕರಣೆಯ ವ್ಯವಸ್ಥೆಯನ್ನೇ ಗುರಿಯಾಗಿಸಿಕೊಂಡಿತು. ಸೋಂಕು ತಗುಲಿದ ಗಣಕದಲ್ಲಿ ಅದು ವಿಂಡೋಸ್ ಅಪ್‌ಡೇಟ್ ಸೇವೆಯನ್ನು ನಿಲ್ಲಿಸುತ್ತಿತ್ತು ಮತ್ತು ಆಂಟಿವೈರಸ್ ತಯಾರಕರ ತಾಣಗಳು ತೆರೆಯದಂತೆ ತಡೆಯುತ್ತಿತ್ತು. ಸಂಬಂಧಿಸಿದ ಪ್ಯಾಚ್ ೨೦೦೮ರ ಅಕ್ಟೋಬರ್ ೨೩ರಂದೇ ಬಿಡುಗಡೆಯಾಗಿತ್ತು. ವರ್ಮಿನ ನಂತರದ ರೂಪಗಳು ಪೆನ್‌ಡ್ರೈವಿನ ಆಟೋರನ್ ಮೂಲಕವೂ, ಸುಲಭವಾಗಿ ಊಹಿಸಬಹುದಾದ ಗುಪ್ತಪದಗಳ ಮೂಲಕವೂ ಹರಡುತ್ತಿದ್ದುದರಿಂದ, ಪ್ಯಾಚ್ ಹಾಕಿದ್ದ ಜಾಲಗಳಲ್ಲಿಯೂ ಸಂರಚನೆ ಸಡಿಲವಾಗಿದ್ದ ಗಣಕಗಳಿಗೆ ಸೋಂಕು ತಗುಲಿತು.

೨೦೧೭ರ ಮೇ ೧೨ರಂದು ಪ್ರಾರಂಭವಾದ ವಾನಾಕ್ರೈ ರಾನ್ಸಮ್‌ವೇರ್ ದಾಳಿಗೆ ಬ್ರಿಟನ್ನಿನ ರಾಷ್ಟ್ರೀಯ ಆರೋಗ್ಯ ಸೇವೆ ತೀವ್ರವಾಗಿ ತುತ್ತಾಯಿತು. ಇಂಗ್ಲೆಂಡಿನ ಆರೋಗ್ಯ ಟ್ರಸ್ಟ್‌ಗಳಲ್ಲಿ ಸುಮಾರು ಮೂರನೆಯ ಒಂದು ಭಾಗದಷ್ಟು ತೊಂದರೆಗೊಳಗಾದವು. ರೋಗಿಗಳ ಸಾವಿರಾರು ಭೇಟಿಗಳು ರದ್ದಾದವು. ಈ ದೋಷಕ್ಕೂ ಮಾರ್ಚ್ ೧೪ರಂದು, ಅಂದರೆ ಸುಮಾರು ಎರಡು ತಿಂಗಳು ಮುಂಚೆಯೇ, ಪ್ಯಾಚ್ ಲಭ್ಯವಿತ್ತು. ಹಳೆಯ ಕಡತ ಹಂಚಿಕೆ ವಿಧಾನವಾದ ಎಸ್‌ಎಂಬಿಯ ಒಂದನೆಯ ಆವೃತ್ತಿಯನ್ನು ನಿಲ್ಲಿಸಿದ್ದ ಗಣಕಗಳಿಗೆ ಈ ಮಾರ್ಗದಿಂದ ಸೋಂಕು ತಗುಲುವಂತಿರಲಿಲ್ಲ.

ದೋಷಯುಕ್ತ ಪರಿಷ್ಕರಣೆಗಳು

ಆಂಟಿವೈರಸ್ ತಂತ್ರಾಂಶಕ್ಕೆ ಕಾರ್ಯಾಚರಣ ವ್ಯವಸ್ಥೆಯ ಅತ್ಯುನ್ನತ ಅಧಿಕಾರ ಇರುತ್ತದೆ. ಆದ್ದರಿಂದ ಅದು ತಪ್ಪಿದಾಗ ಬೇಲಿಯೇ ಎದ್ದು ಹೊಲ ಮೇಯ್ದಂತಾಗುತ್ತದೆ.

೨೦೦೭ರ ಮೇ ತಿಂಗಳಲ್ಲಿ ಸಿಮ್ಯಾಂಟೆಕ್‌ನ ಒಂದು ಪರಿಷ್ಕರಣೆಯು ವಿಂಡೋಸ್ ಎಕ್ಸ್‌ಪಿಯ ಸರಳೀಕೃತ ಚೀನೀ ಆವೃತ್ತಿಯ ಎರಡು ವ್ಯವಸ್ಥಾ ಕಡತಗಳನ್ನು ಕುತಂತ್ರಾಂಶವೆಂದು ಭಾವಿಸಿ ತೆಗೆದುಹಾಕಿತು. ಆ ಗಣಕಗಳು ಮರುಚಾಲನೆಯಾಗದೆ ನಿಂತವು. ಬೇರೆ ಭಾಷೆಗಳ ಆವೃತ್ತಿಗಳಿಗೆ ಈ ತೊಂದರೆ ಆಗಲಿಲ್ಲ.

೨೦೧೦ರ ಏಪ್ರಿಲ್ ೨೧ರಂದು ಮ್ಯಾಕಫಿ ಬಿಡುಗಡೆ ಮಾಡಿದ ೫೯೫೮ ಸಂಖ್ಯೆಯ ಪತ್ತೆ ಕಡತವು, ವಿಂಡೋಸ್ ಎಕ್ಸ್‌ಪಿ ಮೂರನೆಯ ಸರ್ವಿಸ್ ಪ್ಯಾಕ್‌ನಲ್ಲಿನ ಎಸ್‌ವಿಸಿಹೋಸ್ಟ್ ಎಂಬ ಅತ್ಯಗತ್ಯ ಕಡತವನ್ನು ವೈರಸ್ ಎಂದು ತಪ್ಪಾಗಿ ಗುರುತಿಸಿತು. ವಿಂಡೋಸ್‌ನ ಹಲವು ಸೇವೆಗಳನ್ನು ನಡೆಸುವುದು ಈ ಕಡತವೇ. ಅದು ಇಲ್ಲವಾದೊಡನೆ ಗಣಕಗಳು ಮತ್ತೆ ಮತ್ತೆ ಮರುಚಾಲನೆಗೊಂಡವು, ಜಾಲದ ಸಂಪರ್ಕ ಕಳೆದುಕೊಂಡವು. ಅಮೆರಿಕದ ರೋಡ್ ಐಲೆಂಡ್‌ನ ಆಸ್ಪತ್ರೆಗಳಲ್ಲಿ ತುರ್ತಲ್ಲದ ಶಸ್ತ್ರಚಿಕಿತ್ಸೆಗಳನ್ನು ಮುಂದೂಡಬೇಕಾಯಿತು. ತಿದ್ದಿದ ಕಡತವನ್ನು ಮ್ಯಾಕಫಿ ಅದೇ ದಿನ ಬಿಡುಗಡೆ ಮಾಡಿತಾದರೂ ಜಾಲ ಕಡಿದುಹೋದ ಗಣಕಗಳಿಗೆ ಅದನ್ನು ತಲುಪಿಸುವ ದಾರಿಯಿರಲಿಲ್ಲ. ಸಿಬ್ಬಂದಿಯು ಒಂದೊಂದು ಗಣಕದ ಬಳಿಗೂ ಹೋಗಿ ಕೈಯಾರೆ ಸರಿಪಡಿಸಬೇಕಾಯಿತು. ಎಕ್ಸ್‌ಪಿಯ ಮೂರನೆಯ ಸರ್ವಿಸ್ ಪ್ಯಾಕ್ ಹಾಗೂ ವೈರಸ್‌ಸ್ಕ್ಯಾನ್ ೮.೭ ಆವೃತ್ತಿ ಜೊತೆಗಿರುವ ಸಂರಚನೆಯು ತನ್ನ ಪರೀಕ್ಷಾ ಗಣಕಗಳಲ್ಲಿ ಇರಲಿಲ್ಲವೆಂದು ಸಂಸ್ಥೆಯು ಬಳಿಕ ಒಪ್ಪಿಕೊಂಡಿತು.

೨೦೧೨ರ ಸೆಪ್ಟೆಂಬರ್ ೧೯ರಂದು ಸೋಫೋಸ್‌ನ ಪರಿಷ್ಕರಣೆಯೊಂದು, ತಂತ್ರಾಂಶಗಳನ್ನು ಪರಿಷ್ಕರಿಸುವ ಉಪಕರಣಗಳನ್ನೇ ಕುತಂತ್ರಾಂಶವೆಂದು ಗುರುತಿಸಿತು. ಅವುಗಳಲ್ಲಿ ಸೋಫೋಸ್‌ನ ಸ್ವಂತ ಪರಿಷ್ಕರಣಾ ಉಪಕರಣವೂ ಸೇರಿತ್ತು. ಶಂಕಿತ ಕಡತವನ್ನು ತೆರೆಯದಂತೆ ತಡೆದರೆ ಸಾಕೆಂದು ಹೊಂದಿಸಿದ್ದ ಸಂಸ್ಥೆಗಳು ಬೇಗ ಚೇತರಿಸಿಕೊಂಡವು. ಅಳಿಸಲು ಅಥವಾ ಸ್ಥಳಾಂತರಿಸಲು ಹೊಂದಿಸಿದ್ದ ಕಡೆಗಳಲ್ಲಿ ತಿದ್ದುಪಡಿಯನ್ನು ತರಬೇಕಾದ ಉಪಕರಣವೇ ಕಾಣೆಯಾಗಿತ್ತು.

೨೦೨೪ರ ಜುಲೈ ೧೯ರಂದು ಭಾರತೀಯ ಕಾಲಮಾನ ಬೆಳಿಗ್ಗೆ ೯.೩೯ಕ್ಕೆ ಕ್ರೌಡ್‌ಸ್ಟ್ರೈಕ್ ಸಂಸ್ಥೆಯು ಫಾಲ್ಕನ್ ತಂತ್ರಾಂಶಕ್ಕಾಗಿ ೨೯೧ನೆಯ ಚಾನೆಲ್ ಕಡತದ ಪರಿಷ್ಕರಣೆಯನ್ನು ಬಿಡುಗಡೆ ಮಾಡಿತು. ಹೊಸ ಪತ್ತೆ ನಿಯಮವು ೨೧ ಮಾಹಿತಿ ಅಂಶಗಳನ್ನು ನಿರೀಕ್ಷಿಸುತ್ತಿತ್ತು. ಗಣಕದಲ್ಲಿದ್ದ ತಂತ್ರಾಂಶ ೨೦ನ್ನು ಮಾತ್ರ ಒದಗಿಸುತ್ತಿತ್ತು. ಇಲ್ಲದ ಇಪ್ಪತ್ತೊಂದನೆಯದನ್ನು ಓದಲು ಹೋಗಿ ವಿಂಡೋಸ್ ಕುಸಿಯಿತು. ಸಂಸ್ಥೆಯು ೭೮ ನಿಮಿಷಗಳಲ್ಲಿ ಆ ಕಡತವನ್ನು ಹಿಂತೆಗೆದುಕೊಂಡಿತು. ಅಷ್ಟರಲ್ಲಿ ಮೈಕ್ರೋಸಾಫ್ಟ್ ಅಂದಾಜಿನಂತೆ ಸುಮಾರು ೮೫ ಲಕ್ಷ ಗಣಕಗಳು ನಿಂತುಹೋಗಿದ್ದವು. ಜಗತ್ತಿನಾದ್ಯಂತ ವಿಮಾನಯಾನ, ಬ್ಯಾಂಕಿಂಗ್, ಆಸ್ಪತ್ರೆಗಳ ಸೇವೆಗಳು ಅಸ್ತವ್ಯಸ್ತಗೊಂಡವು. ಭಾರತದ ಹಲವು ವಿಮಾನ ನಿಲ್ದಾಣಗಳಲ್ಲಿ ಪ್ರಯಾಣಿಕರ ನೋಂದಣಿಯನ್ನು ಕೈಯಿಂದ ನಡೆಸಲಾಯಿತು. ಕೆಲವೆಡೆ ಕೈಬರಹದ ಬೋರ್ಡಿಂಗ್ ಪಾಸ್‌ಗಳನ್ನು ನೀಡಲಾಯಿತು.

ಈ ಘಟನೆಯ ಒಂದು ಅಂಶ ವಿಶೇಷವಾಗಿ ಗಮನ ಸೆಳೆಯಿತು. ಮುನ್ನೆಚ್ಚರಿಕೆಗಾಗಿ ತಂತ್ರಾಂಶದ ಒಂದು ಹಿಂದಿನ ಆವೃತ್ತಿಯನ್ನೇ ಬಳಸುವ ನೀತಿಯನ್ನು ಅನೇಕ ಗ್ರಾಹಕರು ಆಯ್ದುಕೊಂಡಿದ್ದರು. ಆದರೆ ಆ ನೀತಿಯು ತಂತ್ರಾಂಶದ ಆವೃತ್ತಿಗೆ ಅನ್ವಯಿಸುತ್ತಿತ್ತೇ ಹೊರತು ಪತ್ತೆ ಮಾಹಿತಿಯ ಪರಿಷ್ಕರಣೆಗೆ ಅನ್ವಯಿಸುತ್ತಿರಲಿಲ್ಲ. ಹಾಗಾಗಿ ಎಚ್ಚರ ವಹಿಸಿದ್ದವರ ಗಣಕಗಳೂ ಉಳಿಯಲಿಲ್ಲ. ಈ ಬಗೆಯ ಪರಿಷ್ಕರಣೆಗಳನ್ನೂ ಹಂತಹಂತವಾಗಿ ಬಿಡುಗಡೆ ಮಾಡುವುದಾಗಿ ಮತ್ತು ಅವು ಯಾವಾಗ ಬರಬೇಕೆಂಬ ನಿಯಂತ್ರಣವನ್ನು ಗ್ರಾಹಕರಿಗೆ ನೀಡುವುದಾಗಿ ಕ್ರೌಡ್‌ಸ್ಟ್ರೈಕ್ ಆನಂತರ ಪ್ರಕಟಿಸಿತು.

ಹಂತಹಂತದ ಬಿಡುಗಡೆ

ಮೇಲಿನ ಎರಡು ಬಗೆಯ ಅಪಾಯಗಳಿಗೂ ಉತ್ತರವಾಗಿ ರೂಪುಗೊಂಡಿರುವ ಪದ್ಧತಿಯೇ ಹಂತಹಂತದ ಬಿಡುಗಡೆ. ಇದರಲ್ಲಿ ಹೋಸ್ಟ್‌ಗಳನ್ನು ಸಾಮಾನ್ಯವಾಗಿ ಮೂರು ಅಥವಾ ನಾಲ್ಕು ವಲಯಗಳಾಗಿ ವಿಂಗಡಿಸುತ್ತಾರೆ. ಮೊದಲ ವಲಯದಲ್ಲಿ ಪ್ರಯೋಗಕ್ಕೆ ಮೀಸಲಾದ ಗಣಕಗಳು ಮತ್ತು ತಾಂತ್ರಿಕ ಸಿಬ್ಬಂದಿಯ ಗಣಕಗಳಿರುತ್ತವೆ. ಎರಡನೆಯದರಲ್ಲಿ ಪ್ರತಿ ವಿಭಾಗದ ಕೆಲವು ಗಣಕಗಳು, ಮೂರನೆಯದರಲ್ಲಿ ಉಳಿದವು, ಕೊನೆಯದರಲ್ಲಿ ನಿಲ್ಲಲೇಬಾರದ ಸರ್ವರುಗಳು ಇರುತ್ತವೆ. ಒಂದು ವಲಯದ ಹೋಸ್ಟ್‌ಗಳು ಪರಿಷ್ಕರಣೆಯ ನಂತರವೂ ಕೇಂದ್ರಕ್ಕೆ ವರದಿ ಮಾಡುತ್ತಿದ್ದರೆ ಮಾತ್ರ ಮುಂದಿನ ವಲಯಕ್ಕೆ ಅದು ಸಾಗುತ್ತದೆ.

ವಲಯಗಳ ನಡುವಿನ ಅಂತರವು ಪರಿಷ್ಕರಣೆಯ ಬಗೆಯನ್ನು ಅವಲಂಬಿಸಿದೆ. ಸಿಗ್ನೇಚರ್‌ಗಳಿಗೆ ಅದು ಕೆಲವು ಗಂಟೆಗಳಷ್ಟಿರಬಹುದು. ಎಂಜಿನ್ ಮತ್ತು ಹೊಸ ಆವೃತ್ತಿಗಳಿಗೆ ದಿನಗಳು ಅಥವಾ ವಾರಗಳು ಹಿಡಿಯುತ್ತವೆ. ಸಕ್ರಿಯ ದಾಳಿ ನಡೆಯುತ್ತಿರುವಾಗ ಕಾಯುವಿಕೆಯನ್ನು ಕಡಿತಗೊಳಿಸುವ ಅಧಿಕಾರ ಯಾರಿಗಿದೆ ಎಂಬುದನ್ನು ಮುಂಚಿತವಾಗಿಯೇ ನಿರ್ಧರಿಸಿರಬೇಕು.

ಈ ಪದ್ಧತಿ ಫಲಿಸಬೇಕಾದರೆ ಮೊದಲ ವಲಯವು ಇಡೀ ಜಾಲದ ನಿಜವಾದ ಪ್ರತಿಬಿಂಬವಾಗಿರಬೇಕು. ಎಲ್ಲೋ ಒಂದು ಶಾಖೆಯಲ್ಲಿ ಹಳೆಯ ಆವೃತ್ತಿಯ ಗಣಕಗಳಿದ್ದು ಅವುಗಳ ಮಾದರಿ ಪ್ರಯೋಗ ವಲಯದಲ್ಲಿ ಇಲ್ಲದಿದ್ದರೆ, ಅಲ್ಲಿ ತೇರ್ಗಡೆಯಾದ ಪರಿಷ್ಕರಣೆಯೂ ಆ ಶಾಖೆಯಲ್ಲಿ ವಿಫಲವಾಗಬಹುದು. ೨೦೦೭ ಮತ್ತು ೨೦೧೦ರ ಘಟನೆಗಳು ಇದನ್ನೇ ತೋರಿಸುತ್ತವೆ. ಸಂರಚನೆಗಳ ವೈವಿಧ್ಯ ಕಡಿಮೆಯಿದ್ದಷ್ಟೂ ಪರೀಕ್ಷೆ ನಂಬಲರ್ಹವಾಗುತ್ತದೆ. ಆದರೆ ಎಲ್ಲ ಗಣಕಗಳೂ ಒಂದೇ ತೆರನಾಗಿದ್ದರೆ ತಪ್ಪಿಸಿಕೊಂಡ ಒಂದು ದೋಷ ಅವೆಲ್ಲವನ್ನೂ ಬಾಧಿಸುತ್ತದೆ. ಏಕರೂಪತೆಯ ಜೊತೆಗೆ ಹಂತಗಳೂ ಇರಬೇಕೆಂದು ಹೇಳುವುದು ಈ ಕಾರಣದಿಂದಲೇ.

ಪರಿಷ್ಕರಣಾ ಮಾರ್ಗದ ಭದ್ರತೆ

ಪರಿಷ್ಕರಣೆಯ ಮಾರ್ಗವನ್ನು ವಶಪಡಿಸಿಕೊಂಡ ದಾಳಿಕೋರನಿಗೆ ಇಡೀ ಜಾಲವೇ ತೆರೆದಂತಾಗುತ್ತದೆ. ೨೦೧೨ರಲ್ಲಿ ಬೆಳಕಿಗೆ ಬಂದ ಫ್ಲೇಮ್ ಎಂಬ ಬೇಹುಗಾರಿಕೆ ಕುತಂತ್ರಾಂಶವು ಮೈಕ್ರೋಸಾಫ್ಟ್‌ನ ಡಿಜಿಟಲ್ ಸಹಿಯನ್ನು ಹೋಲುವ ನಕಲಿ ಪ್ರಮಾಣಪತ್ರ ಬಳಸಿ, ವಿಂಡೋಸ್ ಪರಿಷ್ಕರಣೆಯ ವೇಷದಲ್ಲಿ ಹರಡುತ್ತಿತ್ತು. ಭಾರತದ ಇಸ್ಕ್ಯಾನ್ ಆಂಟಿವೈರಸ್ಸಿನ ಪರಿಷ್ಕರಣೆಗಳನ್ನು ಮಾರ್ಗಮಧ್ಯದಲ್ಲಿ ಬದಲಿಸಿ ಗುಪ್ಟಿಮೈನರ್ ಎಂಬ ಕುತಂತ್ರಾಂಶವನ್ನು ಹರಡಲಾಗುತ್ತಿತ್ತೆಂದು ಅವಾಸ್ಟ್ ಸಂಸ್ಥೆಯ ಸಂಶೋಧಕರು ೨೦೨೪ರ ಏಪ್ರಿಲ್‌ನಲ್ಲಿ ವರದಿ ಮಾಡಿದರು. ಪರಿಷ್ಕರಣೆಗಳು ಸುರಕ್ಷಿತವಲ್ಲದ ಎಚ್‌ಟಿಟಿಪಿ ಸಂಪರ್ಕದ ಮೂಲಕ ಸಾಗುತ್ತಿದ್ದುದು ಇದಕ್ಕೆ ಅವಕಾಶ ನೀಡಿತ್ತು. ಆ ವರದಿಯ ಪ್ರಕಾರ ಈ ದೋಷವನ್ನು ೨೦೨೩ರ ಜುಲೈನಲ್ಲಿ ಸರಿಪಡಿಸಲಾಗಿತ್ತು.

ಆದ್ದರಿಂದ ಪರಿಷ್ಕರಣೆಯು ಗೂಢಲಿಪೀಕರಿಸಿದ ಸಂಪರ್ಕದ ಮೂಲಕ ಬರಬೇಕು, ಅದರ ಡಿಜಿಟಲ್ ಸಹಿಯನ್ನು ಹೋಸ್ಟ್ ತಾನೇ ಪರಿಶೀಲಿಸಬೇಕು, ಕೇಂದ್ರ ಸರ್ವರಿನ ನಿರ್ವಾಹಕರ ಖಾತೆಗಳಿಗೆ ಗುಪ್ತಪದದ ಜೊತೆಗೆ ಎರಡನೆಯ ದೃಢೀಕರಣವಿರಬೇಕು ಎಂಬುವು ಮೂಲಭೂತ ನಿಯಮಗಳಾಗಿವೆ.

ಪರಿಶೀಲನೆ ಮತ್ತು ಚೇತರಿಕೆ

ಆಂಟಿವೈರಸ್ ಕೆಲಸ ಮಾಡುತ್ತಿದೆಯೇ ಎಂದು ಅಪಾಯವಿಲ್ಲದೆ ತಿಳಿಯಲು ಐಕಾರ್ ಪರೀಕ್ಷಾ ಕಡತವನ್ನು ಬಳಸಲಾಗುತ್ತದೆ. ೬೮ ಅಕ್ಷರಗಳ ಈ ಪಠ್ಯವು ನಿರುಪದ್ರವಿಯಾದರೂ ಇದನ್ನು ಕುತಂತ್ರಾಂಶದಂತೆಯೇ ಗುರುತಿಸಲು ತಯಾರಕರು ಒಪ್ಪಿಕೊಂಡಿದ್ದಾರೆ. ಹೋಸ್ಟಿನಲ್ಲಿ ಇದು ಪತ್ತೆಯಾಗಿ, ಆ ಸುದ್ದಿ ಕೇಂದ್ರಕ್ಕೂ ತಲುಪಿದರೆ ಎರಡೂ ಭಾಗಗಳು ಸರಿಯಿವೆಯೆಂದು ಖಚಿತವಾಗುತ್ತದೆ.

ವರದಿಗಳನ್ನು ಓದುವಾಗ ಶೇಕಡಾವಾರು ಅಂಕಿಗಿಂತ ಅದರಲ್ಲಿ ಸೇರದ ಹೋಸ್ಟ್‌ಗಳತ್ತ ಹೆಚ್ಚಿನ ಗಮನ ಬೇಕು. ನೂರರಲ್ಲಿ ತೊಂಬತ್ತೆಂಟು ಗಣಕಗಳು ಪರಿಷ್ಕೃತವಾಗಿವೆ ಎಂಬ ವರದಿ ಸಮಾಧಾನ ತರುವಂಥದೇ. ಆದರೆ ಉಳಿದ ಎರಡು ಗಣಕಗಳು ರಜೆಯಲ್ಲಿರುವ ನೌಕರರವೋ, ಸದಾ ಚಾಲನೆಯಲ್ಲಿದ್ದೂ ಕೇಂದ್ರದ ಸಂಪರ್ಕ ಕಳೆದುಕೊಂಡವೋ ಎಂಬುದು ತಿಳಿಯಬೇಕು.

ಚೇತರಿಕೆಯ ಯೋಜನೆಯು ಗಣಕಗಳು ಜಾಲಕ್ಕೆ ಸಿಗುವುದಿಲ್ಲ ಎಂಬ ಊಹೆಯಿಂದ ಪ್ರಾರಂಭವಾಗಬೇಕು. ೨೦೨೪ರಲ್ಲಿ ದೋಷದ ಕಡತವನ್ನು ಅಳಿಸಲು ವಿಂಡೋಸನ್ನು ಸೇಫ್ ಮೋಡ್‌ನಲ್ಲಿ ತೆರೆಯಬೇಕಾಗಿತ್ತು. ಡಿಸ್ಕನ್ನು ಬಿಟ್‌ಲಾಕರ್‌ನಿಂದ ಭದ್ರಪಡಿಸಿದ್ದ ಗಣಕಗಳಿಗೆ ಪ್ರತಿಯೊಂದಕ್ಕೂ ಪ್ರತ್ಯೇಕ ಮರುಪ್ರಾಪ್ತಿ ಕೀಲಿ ಬೇಕಾಗಿತ್ತು. ಆ ಕೀಲಿಗಳ ಪಟ್ಟಿಯಿರುವ ಸರ್ವರೂ ಅದೇ ದೋಷದಿಂದ ನಿಂತಿದ್ದರೆ ಬಿಕ್ಕಟ್ಟು ಇಮ್ಮಡಿಯಾಗುತ್ತದೆ. ಕೀಲಿಗಳು, ದೂರವಾಣಿ ಸಂಖ್ಯೆಗಳು ಮತ್ತು ದುರಸ್ತಿಯ ಕ್ರಮಗಳ ಪ್ರತಿಯೊಂದನ್ನು ಆ ಜಾಲದಿಂದ ಹೊರಗೆ, ಸುರಕ್ಷಿತವಾಗಿ ಇರಿಸುವುದು ಅಗತ್ಯ.

ಭಾರತದಲ್ಲಿ

ಭಾರತದಲ್ಲಿ ಗಣಕ ಭದ್ರತೆಯ ಘಟನೆಗಳಿಗೆ ರಾಷ್ಟ್ರೀಯ ಸಂಸ್ಥೆಯಾಗಿ ಸರ್ಟ್-ಇನ್ ೨೦೦೪ರಿಂದ ಕಾರ್ಯನಿರ್ವಹಿಸುತ್ತಿದೆ. ಅದು ೨೦೨೨ರ ಏಪ್ರಿಲ್ ೨೮ರಂದು ಹೊರಡಿಸಿದ ನಿರ್ದೇಶನಗಳ ಪ್ರಕಾರ ನಿಗದಿತ ಬಗೆಯ ಘಟನೆಗಳನ್ನು ಗಮನಕ್ಕೆ ಬಂದ ೬ ಗಂಟೆಗಳೊಳಗೆ ವರದಿ ಮಾಡಬೇಕು, ವ್ಯವಸ್ಥೆಗಳ ದಾಖಲೆಗಳನ್ನು ೧೮೦ ದಿನ ಉಳಿಸಿಕೊಳ್ಳಬೇಕು. ಗಣಕಗಳ ಗಡಿಯಾರಗಳನ್ನು ಅಂಗೀಕೃತ ಕಾಲ ಸರ್ವರುಗಳೊಡನೆ ಹೊಂದಿಸಿರಬೇಕೆಂಬುದೂ ಅದರಲ್ಲಿದೆ. ಗಡಿಯಾರಗಳು ತಾಳೆಯಾಗದಿದ್ದರೆ ಸೋಂಕು ಯಾವ ಹೋಸ್ಟಿನಿಂದ ಯಾವುದ್ದಕ್ಕೆ ಹರಡಿತೆಂಬ ಕ್ರಮವನ್ನು ದಾಖಲೆಗಳಿಂದ ತಿಳಿಯಲಾಗದು. ಸಾರ್ವಜನಿಕರಿಗೆ ಉಚಿತ ಶುದ್ಧೀಕರಣ ಉಪಕರಣಗಳನ್ನು ಒದಗಿಸುವ ಸೈಬರ್ ಸ್ವಚ್ಛತಾ ಕೇಂದ್ರವನ್ನು ೨೦೧೭ರ ಫೆಬ್ರವರಿಯಲ್ಲಿ ಆರಂಭಿಸಲಾಯಿತು.

೨೦೨೨ರ ನವೆಂಬರ್ ೨೩ರಂದು ದೆಹಲಿಯ ಅಖಿಲ ಭಾರತ ವೈದ್ಯಕೀಯ ವಿಜ್ಞಾನ ಸಂಸ್ಥೆಯ ಸರ್ವರುಗಳು ದಾಳಿಗೆ ಒಳಗಾದವು. ಹೊರರೋಗಿ ವಿಭಾಗ, ಪ್ರಯೋಗಾಲಯ ಮೊದಲಾದ ಸೇವೆಗಳನ್ನು ಹಲವು ದಿನಗಳ ಕಾಲ ಕಾಗದದ ಮೇಲೆ ನಡೆಸಬೇಕಾಯಿತು. ಐದು ಸರ್ವರುಗಳು ಬಾಧಿತವಾಗಿದ್ದವೆಂದೂ, ಜಾಲವನ್ನು ಸರಿಯಾಗಿ ವಿಭಜಿಸದಿದ್ದುದು ಇದಕ್ಕೆ ಕಾರಣವೆಂದೂ ಸರಕಾರ ಸಂಸತ್ತಿಗೆ ತಿಳಿಸಿತು.

ಮಿತಿಗಳು

ಪರಿಷ್ಕೃತವಾದ ಆಂಟಿವೈರಸ್ ಇದ್ದ ಮಾತ್ರಕ್ಕೆ ಜಾಲ ಸುರಕ್ಷಿತವೆಂದು ಹೇಳಲಾಗದು. ಸಿಗ್ನೇಚರ್ ಸಿದ್ಧವಾಗುವ ಮುನ್ನವೇ ಬರುವ ಹೊಸ ಕುತಂತ್ರಾಂಶ, ವಿಂಡೋಸ್‌ನೊಳಗಿನ ನ್ಯಾಯಬದ್ಧ ಉಪಕರಣಗಳನ್ನೇ ಬಳಸುವ ದಾಳಿ, ಕದ್ದ ಗುಪ್ತಪದದಿಂದ ಒಳಬರುವ ದಾಳಿಕೋರ ಇವರನ್ನು ಸಿಗ್ನೇಚರ್ ಪಟ್ಟಿ ತಡೆಯಲಾರದು. ವರ್ತನೆಯನ್ನು ಗಮನಿಸಿ ಪತ್ತೆ ಹಚ್ಚುವ ಹೊಸ ವಿಧಾನಗಳು ಈ ಕೊರತೆಯನ್ನು ಭಾಗಶಃ ತುಂಬುತ್ತವೆಯಾದರೂ ಅವುಗಳಲ್ಲಿ ತಪ್ಪು ಪತ್ತೆಯ ಸಾಧ್ಯತೆ ಇದ್ದೇ ಇದೆ. ವೈದ್ಯಕೀಯ ಮತ್ತು ಕೈಗಾರಿಕಾ ಉಪಕರಣಗಳ ಗಣಕಗಳಲ್ಲಿ ತಯಾರಕರ ಅನುಮತಿಯಿಲ್ಲದೆ ಯಾವ ಬದಲಾವಣೆಯನ್ನೂ ಮಾಡಲಾಗದಿರುವುದು ಇನ್ನೊಂದು ತೊಡಕು. ಅಂತಹ ಹೋಸ್ಟ್‌ಗಳನ್ನು ಪ್ರತ್ಯೇಕ ಜಾಲವಿಭಾಗದಲ್ಲಿರಿಸಿ, ಅಗತ್ಯವಾದ ಸಂಪರ್ಕಗಳಿಗಷ್ಟೇ ಅವಕಾಶ ನೀಡಿ, ಅನುಮೋದಿತ ತಂತ್ರಾಂಶಗಳು ಮಾತ್ರ ಚಾಲನೆಯಾಗುವಂತೆ ನಿರ್ಬಂಧಿಸಲಾಗುತ್ತದೆ. ಎಲ್ಲ ರಕ್ಷಣೆಗಳೂ ವಿಫಲವಾದ ಸಂದರ್ಭಕ್ಕಾಗಿ, ಜಾಲದಿಂದ ಬೇರ್ಪಡಿಸಿಟ್ಟ ದತ್ತಾಂಶದ ಮೀಸಲು ಪ್ರತಿಗಳನ್ನು ಕಾಲಕಾಲಕ್ಕೆ ತೆಗೆದು, ಅವುಗಳಿಂದ ಮರುಸ್ಥಾಪನೆ ಸಾಧ್ಯವೇ ಎಂದು ಪರೀಕ್ಷಿಸುತ್ತಿರಬೇಕಾಗುತ್ತದೆ.